1887, 1889, 1900: ಒಂದೇ ಕಟ್ಟಡಕ್ಕೆ ಮೂರು ಇಸವಿ

ಪ್ರಶ್ನೆ: ನನ್ನ ಮಗ ಮತ್ತು ಸೊಸೆ ಅಮೆರಿಕದ ಓಹಿಯೊ ರಾಜ್ಯದ ಒಂದು ಸಣ್ಣ ಊರಿನಲ್ಲಿ, ಅಲ್ಲಿಯವರು ಮೇನ್ ಸ್ಟ್ರೀಟ್ ಎಂದು ಕರೆಯುವ ಹಳೆಯ ವ್ಯಾಪಾರದ ಬೀದಿಯಲ್ಲಿ, ಎರಡಂತಸ್ತಿನ ಇಟ್ಟಿಗೆ ಕಟ್ಟಡವೊಂದನ್ನು ಕೊಂಡಿದ್ದಾರೆ. ಕೆಳಗೆ ಪುಸ್ತಕದಂಗಡಿ ತೆರೆದು, ಮೇಲೆ ಎರಡು ಮನೆ ಮಾಡಿ ಬಾಡಿಗೆಗೆ ಕೊಡುವ ಯೋಚನೆ. ನಾನು ಅಲ್ಲಿ ಮೂರು ತಿಂಗಳು ಇದ್ದು ಬಂದೆ. ಕಟ್ಟಡದ ನೆತ್ತಿಯಲ್ಲಿ 1889 ಎಂದು ಬರೆದಿದೆ. ಕೆಳಗಿನ ಕಬ್ಬಿಣದ ಕಂಬದ ಬುಡದಲ್ಲಿ ಸೇಂಟ್ ಲೂಯಿಸ್ ಊರಿನ ಹೆಸರಿರುವ ಒಂದು ಸಣ್ಣ ಫಲಕದಲ್ಲಿ 1887 ಎಂದಿದೆ. ಕೌಂಟಿ ಕಚೇರಿಯ ದಾಖಲೆಯಲ್ಲಿ 1900 ಎಂದಿದೆ. ಯಾವುದು ನಿಜ? ಸುತ್ತಮುತ್ತಲಿನ ನಾಲ್ಕಾರು ಊರುಗಳಿಗೂ ಹೋಗಿದ್ದೆವು. ಎಲ್ಲ ಕಡೆಯೂ ಒಂದೇ ತಾಯಿಯ ಮಕ್ಕಳಂತೆ ಕಾಣುವ ಕಟ್ಟಡಗಳು. ಅದೇಕೆ? ಮುಖ್ಯ ವಿಷಯವೆಂದರೆ, ಗುತ್ತಿಗೆದಾರರು ಇಟ್ಟಿಗೆಯ ಮೇಲಿನ ಹಳೆಯ ಬಣ್ಣವನ್ನು ರಭಸದ ಗಾಳಿಯಲ್ಲಿ ಮರಳು ಹೊಡೆಸಿ ತೆಗೆದು, ಸಂದುಗಳಿಗೆ ಸಿಮೆಂಟ್ ತುಂಬಿ, ಮೇಲೆ ನೀರು ನಿಲ್ಲದ ಲೇಪ ಬಳಿಯಬೇಕು, ಕಿಟಕಿಗಳನ್ನೆಲ್ಲ ಬದಲಾಯಿಸಬೇಕು ಎನ್ನುತ್ತಾರೆ. ಊರಿನ ಪರಂಪರೆ ಸಮಿತಿಯವರು ಅನುಮತಿಯಿಲ್ಲದೆ ಮುಟ್ಟಬೇಡಿ ಎಂದು ಪತ್ರ ಬರೆದಿದ್ದಾರೆ. ಮಗನಿಗೆ ಸಿಟ್ಟು ಬಂದಿದೆ. ನೀವೇನು ಹೇಳುತ್ತೀರಿ?

ಉತ್ತರ: ಮೂರು ಇಸವಿಗಳಿಗೂ ಕಾರಣವಿದೆ, ಆದರೆ ಮೂರೂ ಬೇರೆ ಬೇರೆ ವಿಷಯ ಹೇಳುತ್ತವೆ. ಸುಲಭವಾದದ್ದನ್ನು ಮೊದಲು ಮುಗಿಸುತ್ತೇನೆ. 1900 ಎಂಬುದು ತೆರಿಗೆ ಗುಮಾಸ್ತರ ಅಂದಾಜು. ಕಟ್ಟಿದ ವರ್ಷ ಗೊತ್ತಿಲ್ಲದ ಹಳೆಯ ಕಟ್ಟಡಕ್ಕೆ ದುಂಡಗಿನ ಒಂದು ಇಸವಿ ಬರೆದುಬಿಡುವ ರೂಢಿ ಅಲ್ಲಿನ ಎಷ್ಟೋ ಕೌಂಟಿಗಳಲ್ಲಿದೆ. ಒಂದು ಬೀದಿಯ ಮುಕ್ಕಾಲು ಪಾಲು ಕಟ್ಟಡಗಳು 1900ರಲ್ಲೇ ಹುಟ್ಟಿವೆ ಎಂದು ದಾಖಲೆ ಹೇಳಿದರೆ, ಆ ವರ್ಷ ಊರಿಗೆ ಭಾಗ್ಯ ಬಂದಿತ್ತು ಎಂದು ತಿಳಿಯಬೇಕಾಗಿಲ್ಲ.

ಕಂಬದ ಬುಡದ 1887 ಹೆಚ್ಚು ಸ್ವಾರಸ್ಯದ್ದು. ಸೇಂಟ್ ಲೂಯಿಸ್ ಎಂಬ ಹೆಸರಿದೆ ಎಂದಿರಿ. ಅದು ಬಹುಮಟ್ಟಿಗೆ ಮೆಸ್ಕರ್ ಸಹೋದರರ ಕಾರ್ಖಾನೆಯ ಫಲಕ. ಬರ್ನಾರ್ಡ್ ಮತ್ತು ಫ್ರ್ಯಾಂಕ್ ಮೆಸ್ಕರ್ ಎಂಬ ಅಣ್ಣತಮ್ಮಂದಿರು 1879ರಲ್ಲಿ ಆ ಊರಿನಲ್ಲಿ ಕಬ್ಬಿಣದ ಕಾರ್ಖಾನೆ ತೆರೆದರು. ಅವರ ಇನ್ನೊಬ್ಬ ಸಹೋದರ ಜಾರ್ಜ್ ಇಂಡಿಯಾನಾದ ಇವಾನ್ಸ್‌ವಿಲ್‌ನಲ್ಲಿ ತನ್ನದೇ ಬೇರೆ ಕಾರ್ಖಾನೆ ನಡೆಸಿದ. ಮಾಡುತ್ತಿದ್ದದ್ದು ಒಂದೇ ಕೆಲಸ: ಅಂಗಡಿಯ ಮುಖವನ್ನು ಬಿಡಿಬಿಡಿಯಾಗಿ ತಯಾರಿಸಿ, ಕ್ಯಾಟಲಾಗ್ ಅಚ್ಚು ಹಾಕಿಸಿ, ದೇಶದ ಮೂಲೆಮೂಲೆಗೆ ಅಂಚೆಯಲ್ಲಿ ಕಳುಹಿಸಿ, ಬಂದ ಆರ್ಡರನ್ನು ರೈಲಿನಲ್ಲಿ ರವಾನಿಸುವುದು. ಕಂಬ ಎರಕದ ಕಬ್ಬಿಣದ್ದು, ಅಂದರೆ ಬೀಡು. ಮೇಲಿನ ಅಲಂಕಾರ ಸತು ಲೇಪಿಸಿದ ತೆಳ್ಳನೆಯ ತಗಡು. ಫಲಕದಲ್ಲಿರುವುದು 1887ರ ಅಕ್ಟೋಬರ್ ತಿಂಗಳಿನ ಪೇಟೆಂಟ್ ದಿನಾಂಕ. ಅದನ್ನೇ ಕಟ್ಟಡದ ಜನ್ಮದಿನವೆಂದು ಊರ ಇತಿಹಾಸದ ಕಿರುಹೊತ್ತಗೆಗಳಲ್ಲಿ ಅಚ್ಚು ಹಾಕಿಸಿದವರನ್ನು ನಾನು ಬಲ್ಲೆ. ಔಷಧಿಯ ಸೀಸೆಯ ಮೇಲಿನ ತಾರೀಖು ನೋಡಿ ರೋಗಿಯ ವಯಸ್ಸು ಹೇಳಿದ ಹಾಗೆ. ಸಹೋದರರ ಮಾಲನ್ನು ಗುರುತಿಸಲು ಇನ್ನೊಂದು ಸುಳುಹು ಇದೆ: ಸೇಂಟ್ ಲೂಯಿಸ್‌ನವರ ತಗಡಿನಲ್ಲಿ ಮೂರೆಸಳಿನ ಲಿಲ್ಲಿ ಹೂವಿನ ಚಿಹ್ನೆ ಮತ್ತೆ ಮತ್ತೆ ಬರುತ್ತದೆ, ಇವಾನ್ಸ್‌ವಿಲ್‌ನ ಜಾರ್ಜನ ಮಾಲಿನಲ್ಲಿ ಬಳ್ಳಿಯಲ್ಲಿ ಬಿಡುವ ಕಹಳೆಯಾಕಾರದ ಹೂವು ಇರುತ್ತದೆ. ಸೊಸೆಗೆ ಒಂದು ದುರ್ಬೀನು ಕೊಟ್ಟು ರಸ್ತೆಯ ಆಚೆ ಬದಿಯಿಂದ ನೋಡಲು ಹೇಳಿ.

ಉಳಿದದ್ದು ನೆತ್ತಿಯ 1889. ಅದು ಮುಖದ ವಯಸ್ಸು, ಅದನ್ನು ನಂಬಬಹುದು. ಮೈಯ ವಯಸ್ಸೂ ಅದೇ ಎಂದು ಮಾತ್ರ ತಕ್ಷಣ ಒಪ್ಪಬೇಡಿ. ಹಳೆಯ ಕಟ್ಟಡದ ಮುಂಗೋಡೆಯನ್ನು ಮಾತ್ರ ಒಡೆದು ಹೊಸ ಮುಖ ನಿಲ್ಲಿಸುವುದು ಆಗ ಸಾಮಾನ್ಯವಾಗಿತ್ತು. ಇದನ್ನು ಪತ್ತೆ ಮಾಡಲು ಒಂದು ಅದ್ಭುತ ಸಾಧನವಿದೆ. 1867ರಲ್ಲಿ ಶುರುವಾದ ಸ್ಯಾನ್‌ಬಾರ್ನ್ ಎಂಬ ಕಂಪನಿ ಬೆಂಕಿ ವಿಮೆಯವರಿಗಾಗಿ ಅಮೆರಿಕದ ಸುಮಾರು 12,000 ಊರುಗಳ ನಕ್ಷೆ ತೆಗೆಯಿತು. ಒಂದು ಅಂಗುಲಕ್ಕೆ 50 ಅಡಿ ಎಂಬ ಪ್ರಮಾಣದಲ್ಲಿ ಪ್ರತಿ ಕಟ್ಟಡವನ್ನೂ ಬರೆದರು. ಇಟ್ಟಿಗೆಯಾದರೆ ನಸುಗೆಂಪು, ಮರವಾದರೆ ಹಳದಿ, ಕಲ್ಲಾದರೆ ನೀಲಿ. ಎಷ್ಟು ಅಂತಸ್ತು, ಅಂಗಡಿಯೋ ಮನೆಯೋ, ಚಾವಣಿ ಯಾವುದರದ್ದು ಎಲ್ಲವೂ ಅದರಲ್ಲಿವೆ. ಕೆಲವು ವರ್ಷಕ್ಕೊಮ್ಮೆ ಹೊಸದಾಗಿ ಅಳೆದು ಪರಿಷ್ಕರಿಸುತ್ತಿದ್ದರು. ಲೈಬ್ರರಿ ಆಫ್ ಕಾಂಗ್ರೆಸ್ ಇವುಗಳಲ್ಲಿ ಬಹಳಷ್ಟನ್ನು ಅಂತರ್ಜಾಲದಲ್ಲಿ ಉಚಿತವಾಗಿ ಇಟ್ಟಿದೆ. ನಿಮ್ಮ ಮಗನ ಜಾಗದಲ್ಲಿ ಒಂದು ನಕ್ಷೆಯಲ್ಲಿ ಹಳದಿ, ಮುಂದಿನದರಲ್ಲಿ ನಸುಗೆಂಪು ಇದ್ದರೆ ಮರದ ಅಂಗಡಿ ಹೋಗಿ ಇಟ್ಟಿಗೆಯದು ಬಂದದ್ದು ಆ ಎರಡು ವರ್ಷಗಳ ನಡುವೆ. ಎರಡರಲ್ಲೂ ಅದೇ ಅಳತೆಯ ನಸುಗೆಂಪು ಇದ್ದು, ಮೊದಲನೆಯದು 1889ಕ್ಕಿಂತ ಹಿಂದಿನ ನಕ್ಷೆಯಾದರೆ, ಮುಖ ಮಾತ್ರ ಹೊಸದು. ಬೆಂಕಿಯ ಭಯದಿಂದ ಬರೆದ ನಕ್ಷೆ ಇತಿಹಾಸಕ್ಕೆ ಇಷ್ಟು ಒದಗಿ ಬರುತ್ತದೆಂದು ಅವರು ಎಣಿಸಿರಲಾರರು.

ಆ ಭಯಕ್ಕೆ ಕಾರಣವಿತ್ತು. ಓಹಿಯೊದ ಮೆಡೈನಾ ಎಂಬ ಊರಿನ ವ್ಯಾಪಾರದ ಭಾಗ 1848ರಲ್ಲಿ ಒಮ್ಮೆ, 1870ರಲ್ಲಿ ಮತ್ತೊಮ್ಮೆ ಸುಟ್ಟುಹೋಯಿತು. ಮರುವರ್ಷವೇ, 1871ರ ಅಕ್ಟೋಬರ್‌ನಲ್ಲಿ, ಶಿಕಾಗೊ ಉರಿಯಿತು. ಮೊದಲ ತಲೆಮಾರಿನ ಅಂಗಡಿಗಳೆಲ್ಲ ಮರದವು. ಮುಂದೆ ಎತ್ತರದ ಹಲಗೆಯ ಗೋಡೆ ನಿಲ್ಲಿಸಿ ಹಿಂದಿನ ಕುಳ್ಳು ಚಾವಣಿಯನ್ನು ಮರೆಮಾಡುತ್ತಿದ್ದ ಅಂಥ ಕಟ್ಟಡಗಳನ್ನು ಕೌಬಾಯ್ ಚಲನಚಿತ್ರಗಳಲ್ಲಿ ನೀವು ನೋಡಿದ್ದೀರಿ. ಒಂದು ದೀಪ ಉರುಳಿದರೆ ಸಾಲಿಗೆ ಸಾಲೇ ಹೋಗುತ್ತಿತ್ತು. ಬೆಂಕಿಯಲ್ಲಿ ಬೆಂದ ಊರುಗಳು ಒಂದರ ಹಿಂದೊಂದರಂತೆ, ಪೇಟೆಯ ಇಂತಿಷ್ಟು ಗಡಿಯೊಳಗೆ ಮರದ ಕಟ್ಟಡ ಕೂಡದು ಎಂಬ ನಿಯಮ ತಂದವು. ನೀವು ಕಂಡ ಇಟ್ಟಿಗೆ ಬೀದಿಗಳ ಹಿಂದೆ ಅನೇಕ ಕಡೆ ಒಂದು ಬೂದಿಯ ರಾಶಿ ಇರುತ್ತದೆ.

ಎಲ್ಲವೂ ಒಂದೇ ತಾಯಿಯ ಮಕ್ಕಳಂತೆ ಏಕಿವೆ ಎಂದು ಕೇಳಿದಿರಿ. ತಾಯಿ ಯಾರೆಂದರೆ ಮರದ ತೊಲೆ. ಪೇಟೆಯ ನಿವೇಶನಗಳನ್ನು ಸುಮಾರು 20ರಿಂದ 25 ಅಡಿ ಅಗಲಕ್ಕೆ ಹಂಚಿದ್ದರು, ಉದ್ದ ಮಾತ್ರ 80, 100 ಅಡಿ ಅಥವಾ ಇನ್ನೂ ಹೆಚ್ಚು. ನಡುವೆ ಕಂಬದ ಆಸರೆಯಿಲ್ಲದೆ ಒಂದು ಮರದ ತೊಲೆ ಹೊರೆ ಹೊತ್ತು ದಾಟಬಹುದಾದ ದೂರವೂ ಹೆಚ್ಚುಕಡಿಮೆ ಅಷ್ಟೇ. ಹಾಗಾಗಿ ತೊಲೆಗಳು ಎಡಗೋಡೆಯಿಂದ ಬಲಗೋಡೆಗೆ ಹೋಗುತ್ತವೆ, ಕಟ್ಟಡದ ಭಾರವೆಲ್ಲ ಪಕ್ಕದ ಗೋಡೆಗಳ ಮೇಲೆ ಬೀಳುತ್ತದೆ. ಆ ಗೋಡೆಗಳು ಎಷ್ಟೋ ಸಲ ನೆರೆಯವರೊಂದಿಗೆ ಜಂಟಿ. ಮುಂಗೋಡೆಗೆ ತನ್ನ ಮೈ ತಾನು ಹೊರುವುದನ್ನು ಬಿಟ್ಟರೆ ಬೇರೆ ಕೆಲಸವಿಲ್ಲ. ಕೆಲಸವಿಲ್ಲದ ಗೋಡೆಯನ್ನು ಎಷ್ಟು ಬೇಕಾದರೂ ಕೊರೆಯಬಹುದು! ಬೀಡಿನ ನಾಲ್ಕು ಕಂಬ, ಮೇಲೊಂದು ಕಬ್ಬಿಣದ ತೊಲೆ ಇಟ್ಟರೆ ಕೆಳಗಿನ ಅಂತಸ್ತಿನ ಮುಂಭಾಗ ಪೂರ್ತಿ ಗಾಜು. ಕೆಳಗೆ ತೆರೆದ ಅಂಗಡಿ, ಮೇಲೆ ಕಿಟಕಿ ಕೊರೆದ ಇಟ್ಟಿಗೆಯ ಮೈ, ನೆತ್ತಿಯಲ್ಲಿ ಮುಂಚಾಚಿದ ತಗಡಿನ ಕಿರೀಟ ಎಂಬ ಮಾದರಿ ಹೀಗೆ ಬಂತು. ಆ ಕಿರೀಟಕ್ಕೆ ಕಾರ್ನಿಸ್ ಎಂದು ಹೆಸರು.

ಇಲ್ಲೊಂದು ಸಣ್ಣ ವಿವರ ಹೇಳದೆ ಮುಂದೆ ಹೋಗಲು ನನಗೆ ಮನಸ್ಸಿಲ್ಲ. ನಿಮ್ಮ ಮಗ ನೆಲಮಾಳಿಗೆಗೆ ಇಳಿದು ತೊಲೆಯ ತುದಿ ಗೋಡೆಯೊಳಗೆ ಹೊಕ್ಕುವ ಜಾಗವನ್ನು ಟಾರ್ಚ್ ಹಾಕಿ ನೋಡಲಿ. ತುದಿಯನ್ನು ನೇರವಾಗಿ ಕತ್ತರಿಸದೆ ಓರೆಯಾಗಿ ಕತ್ತರಿಸಿರುವ ಸಾಧ್ಯತೆ ಹೆಚ್ಚು: ಕೆಳಗಂಚು ಗೋಡೆಯೊಳಗೆ ಉದ್ದ, ಮೇಲಂಚು ಗಿಡ್ಡ. ಬೆಂಕಿ ಬಿದ್ದು ತೊಲೆ ನಡುವೆ ಸುಟ್ಟು ಮುರಿದಾಗ, ನೇರ ತುದಿಯ ತೊಲೆ ಮೀಟುಗೋಲಿನಂತೆ ಗೋಡೆಯ ಇಟ್ಟಿಗೆಯನ್ನು ಎಬ್ಬಿಸಿ ಗೋಡೆಯನ್ನೇ ಉರುಳಿಸುತ್ತದೆ. ಓರೆ ತುದಿಯದು ಸುಮ್ಮನೆ ಜಾರಿ ಬಿದ್ದುಹೋಗುತ್ತದೆ, ಗೋಡೆ ನಿಲ್ಲುತ್ತದೆ, ನೆರೆಯವನ ಅಂಗಡಿ ಉಳಿಯುತ್ತದೆ. ಯಾರ ಕಣ್ಣಿಗೂ ಬೀಳದ ಜಾಗದಲ್ಲಿ ಬಡಗಿ ನೆರೆಯವನಿಗಾಗಿ ಹಾಕಿದ ಈ ಒಂದು ಗರಗಸದ ಗೆರೆಯನ್ನು ನಾನು ಕಾರ್ನಿಸ್‌ನ ಎಲ್ಲ ಹೂಬಳ್ಳಿಗಿಂತ ಹೆಚ್ಚು ಮೆಚ್ಚುತ್ತೇನೆ.

ಇಷ್ಟುದ್ದದ ಕಟ್ಟಡಕ್ಕೆ ಬೆಳಕು ಮುಂದಿನಿಂದ, ಹಿಂದಿನಿಂದ ಮಾತ್ರ ಬರಬೇಕು. ವಿದ್ಯುತ್ ದೀಪಕ್ಕೆ ಮೊದಲು ಇದೇ ದೊಡ್ಡ ತಲೆನೋವು. ದೊಡ್ಡ ಹಲಗೆಗಾಜು ಅಮೆರಿಕದಲ್ಲೇ ಅಗ್ಗವಾಗಿ ಸಿಗಲು ಶುರುವಾದದ್ದು 1880ರ ದಶಕದಲ್ಲಿ. ಪಿಟ್ಸ್‌ಬರ್ಗ್ ಪ್ಲೇಟ್ ಗ್ಲಾಸ್ ಕಂಪನಿ ಹುಟ್ಟಿದ್ದು 1883ರಲ್ಲಿ. ಪ್ರದರ್ಶನದ ಗಾಜಿನ ಮೇಲೆ, ಚಾವಣಿಯವರೆಗೆ, ಇನ್ನೊಂದು ಗಾಜಿನ ಪಟ್ಟಿ ಓಡುತ್ತಿತ್ತು. ಒಳಗಿನ ಚಾವಣಿ 12, 14 ಅಡಿ ಎತ್ತರವಿರುತ್ತಿದ್ದದ್ದೂ ಆ ಪಟ್ಟಿಯ ಮೂಲಕ ಬೆಳಕು ಒಳಗಿನವರೆಗೆ ತಲುಪಲಿ ಎಂದೇ. 1897ರ ಹೊತ್ತಿಗೆ ಶಿಕಾಗೊದ ಲಕ್ಸ್‌ಫರ್ ಕಂಪನಿ ಹಿಂಬದಿಯಲ್ಲಿ ಹಲ್ಲುಹಲ್ಲಾಗಿ ಅಚ್ಚು ಮಾಡಿದ ನಾಲ್ಕಂಗುಲದ ಗಾಜಿನ ಬಿಲ್ಲೆಗಳನ್ನು ಮಾರತೊಡಗಿತು. ಆಕಾಶದಿಂದ ಇಳಿಯುವ ಬೆಳಕನ್ನು ಬಾಗಿಸಿ ಅಂಗಡಿಯ ಒಳಮೂಲೆಗೆ ಎಸೆಯುವ ಉಪಾಯ ಅದು. ಅವುಗಳ ಮೇಲಿನ ಚಿತ್ತಾರಗಳನ್ನು ಆಗಿನ್ನೂ ಮೂವತ್ತು ದಾಟಿದ್ದ ವಾಸ್ತುಶಿಲ್ಪಿ ಫ್ರ್ಯಾಂಕ್ ಲಾಯ್ಡ್ ರೈಟ್ ಬರೆದುಕೊಟ್ಟಿದ್ದ. ನೀವು ಬೀದಿಯಲ್ಲಿ ಎಲ್ಲಾದರೂ ನೇರಳೆ ಛಾಯೆಯ ಗಾಜಿನ ಪಟ್ಟಿ ಕಂಡಿದ್ದರೆ, ಆ ಬಣ್ಣ ಹಾಕಿದ್ದಲ್ಲ. ಗಾಜು ತಿಳಿಯಾಗಲೆಂದು ಬೆರೆಸಿದ್ದ ಮ್ಯಾಂಗನೀಸ್ ಎಷ್ಟೋ ವರ್ಷದ ಬಿಸಿಲಿಗೆ ಹಾಗೆ ತಿರುಗುತ್ತದೆ.

ಮೇಲಂತಸ್ತಿನ ಬಗ್ಗೆ ಹೆಚ್ಚು ಹೇಳುವುದಿಲ್ಲ. ವಕೀಲರು, ದಂತವೈದ್ಯರು, ಛಾಯಾಗ್ರಾಹಕರು ಅಲ್ಲಿರುತ್ತಿದ್ದರು. ಮೇಲಿನ ಕಿಟಕಿಗಳು ಅಸಹಜವಾಗಿ ಎತ್ತರವಿದ್ದು, ಗೋಡೆಯ ಮೇಲೆ ಮೂರು ಕೊಂಡಿಗಳ ಸರಪಳಿಯ ಚಿಹ್ನೆ ಇದ್ದರೆ ಅದು ಆಡ್ ಫೆಲೋಸ್ ಎಂಬ ಸಂಘದ ಸಭಾಂಗಣ. ಮೂಲೆಮಟ್ಟ, ಕೈವಾರ ಇದ್ದರೆ ಫ್ರೀಮೇಸನ್ನರದು. ಶೈಲಿಯ ಹೆಸರುಗಳನ್ನೂ ಪಟ್ಟಿ ಮಾಡುವುದಿಲ್ಲ. ನಿಮ್ಮ ಮಗನದು ಇಟಾಲಿಯನೇಟ್ ಎಂದು ಕರೆಯುವ, ಕಮಾನು ಹುಬ್ಬಿನ ನೀಳ ಕಿಟಕಿಗಳ ಬಗೆಯ ಕೊನೆಯ ಕಾಲದ್ದು, ಅಷ್ಟು ಸಾಕು. 1893ರ ಶಿಕಾಗೊ ವಿಶ್ವ ಪ್ರದರ್ಶನದ ನಂತರ ಊರೂರಿನ ಬ್ಯಾಂಕುಗಳಿಗೆ ಗ್ರೀಕ್ ಕಂಬದ ಹುಚ್ಚು ಹಿಡಿಯಿತು. ಆ ಹುಚ್ಚಿಗೆ ಬೆನ್ನು ತಿರುಗಿಸಿದವನು ವಾಸ್ತುಶಿಲ್ಪಿ ಲೂಯಿ ಸಲಿವನ್. ಮಹಾನಗರಗಳ ದೊಡ್ಡ ಕೆಲಸಗಳು ಕೈಬಿಟ್ಟ ಮೇಲೆ ಆತ ಮಿನೆಸೋಟಾದ ಒವಟೋನಾದಿಂದ (1908) ಶುರುಮಾಡಿ ಸಣ್ಣ ಊರುಗಳಿಗೆ ಒಂದೊಂದೇ ಬ್ಯಾಂಕ್ ಕಟ್ಟಿಕೊಟ್ಟ. ಓಹಿಯೊದಲ್ಲೇ ಎರಡಿವೆ, ನ್ಯೂವರ್ಕ್‌ನಲ್ಲಿ ಮತ್ತು ಸಿಡ್ನಿಯಲ್ಲಿ. ಮುಂದಿನ ಸಲ ಹೋದಾಗ ಸಿಡ್ನಿಯದನ್ನು ತಪ್ಪಿಸಬೇಡಿ.

ಈಗ ಗುತ್ತಿಗೆದಾರರ ಮಾತಿಗೆ ಬರುತ್ತೇನೆ. ಮೂರು ಸಲಹೆ ಕೊಟ್ಟಿದ್ದಾರೆ: ಮರಳು ಹೊಡೆಸುವುದು, ಸಿಮೆಂಟ್ ತುಂಬುವುದು, ಲೇಪ ಬಳಿಯುವುದು. ಮೂರೂ ತಪ್ಪು. ಬಿಡಿಬಿಡಿಯಾಗಿ ಮಾಡಿದರೆ ಗೋಡೆ ನಿಧಾನವಾಗಿ ಕೆಡುತ್ತದೆ, ಮೂರನ್ನೂ ಒಟ್ಟಿಗೆ ಮಾಡಿದರೆ ಬೇಗ ಕೆಡುತ್ತದೆ.

ಇಟ್ಟಿಗೆಯನ್ನು ಗೂಡಿನಲ್ಲಿ ಸುಟ್ಟಾಗ ಹೊರಮೈ ಒಳಗಿಗಿಂತ ಗಟ್ಟಿಯಾಗುತ್ತದೆ. ರೊಟ್ಟಿಯ ಹೊರಪದರದಂತೆ. ಆ ಕಾಲದ ಇಟ್ಟಿಗೆಯಲ್ಲಿ ಈ ವ್ಯತ್ಯಾಸ ಇನ್ನೂ ಹೆಚ್ಚು. ಮರಳು ಹೊಡೆದರೆ ಬಣ್ಣದ ಜೊತೆ ಆ ಸಿಪ್ಪೆಯೂ ಹೋಗುತ್ತದೆ. ಒಳಗಿನ ಮೆದು ಭಾಗ ನೀರನ್ನು ಸ್ಪಂಜಿನಂತೆ ಹೀರುತ್ತದೆ. ಓಹಿಯೊದ ಚಳಿಗಾಲದಲ್ಲಿ ಹಗಲು ಕರಗಿ ರಾತ್ರಿ ಹೆಪ್ಪುಗಟ್ಟುವ ದಿನಗಳು ಬಹಳ. ನೀರು ಹೆಪ್ಪುಗಟ್ಟಿದಾಗ ಅದರ ಗಾತ್ರ ಸುಮಾರು 9 ಶೇಕಡಾ ಹಿಗ್ಗುತ್ತದೆ. ಕೆಲವೇ ಚಳಿಗಾಲಗಳಲ್ಲಿ ಇಟ್ಟಿಗೆಯ ಮುಖ ಹಪ್ಪಳದ ಹಾಗೆ ಕಳಚಿ ಬೀಳುತ್ತದೆ. ಹೊಡೆಸಿದ ವಾರ ಕಟ್ಟಡ ಬಲು ಚೆಂದ ಕಾಣುತ್ತದೆ, ಅದೇ ಅದರ ಮೋಸ. ಗುತ್ತಿಗೆದಾರರು ಹಣ ಪಡೆದು ಹೋದ ಮೇಲೆಯೇ ರೋಗ ಹೊರಬೀಳುವುದು. ಇದರ ಜೊತೆಗೆ ಹಳೆಯ ಬಣ್ಣದಲ್ಲಿ ಸೀಸ ಇದ್ದೇ ಇರುತ್ತದೆ ಎಂದು ಭಾವಿಸಿ ನಡೆಯಬೇಕು. ಅಮೆರಿಕದಲ್ಲಿ ಮನೆಗೆ ಬಳಸುವ ಸೀಸದ ಬಣ್ಣವನ್ನು ನಿಷೇಧಿಸಿದ್ದು 1978ರಲ್ಲಿ. ಅದನ್ನು ದೂಳು ಮಾಡಿ ಬೀದಿಗೆ ಊದುವುದು ಮಕ್ಕಳಿರುವ ಊರಿನಲ್ಲಿ ಮಾಡುವ ಕೆಲಸವಲ್ಲ.

ಬಣ್ಣ ತೆಗೆಯಲೇಬೇಕೆಂದಿದ್ದರೆ ಇಟ್ಟಿಗೆಗೆ ತಕ್ಕ ರಾಸಾಯನಿಕ ಹಚ್ಚಿ, ಕಡಿಮೆ ಒತ್ತಡದ ನೀರಿನಲ್ಲಿ ತೊಳೆಯುವ ದಾರಿ ಇದೆ. ಮೊದಲು ಕಣ್ಣಿಗೆ ಬೀಳದ ಮೂಲೆಯಲ್ಲಿ ಎರಡು ಮೂರು ಅಡಿ ಜಾಗದಲ್ಲಿ ಪರೀಕ್ಷಿಸಿ, ಕೆಲವು ವಾರ ಕಾದು ನೋಡಬೇಕು. ಇನ್ನೊಂದು ಸಾಧ್ಯತೆಯನ್ನೂ ಯೋಚಿಸಿ: ತೀರಾ ಮೆದುವಾದ ಇಟ್ಟಿಗೆಗೆ ಕಟ್ಟಿದಾಗಲೇ ಬಣ್ಣ ಬಳಿಯುತ್ತಿದ್ದರು. ಬಣ್ಣದ ಅತ್ಯಂತ ಕೆಳಗಿನ ಪದರ ಇಟ್ಟಿಗೆಯ ಮೇಲೆ ನೇರವಾಗಿ, ನಡುವೆ ಕೊಳೆಯೇ ಇಲ್ಲದೆ ಕೂತಿದ್ದರೆ ಅದು ಮೊದಲಿನಿಂದಲೂ ಬಣ್ಣದ ಕಟ್ಟಡವಾಗಿರಬಹುದು. ಹಾಗಿದ್ದರೆ ಸಡಿಲವಾದದ್ದನ್ನು ಕೈಯಿಂದ ಕೆರೆದು, ಆವಿ ಆಡಲು ಬಿಡುವ ಬಣ್ಣವನ್ನು ಮತ್ತೆ ಬಳಿಯುವುದೇ ಅಗ್ಗ ಮತ್ತು ಸರಿ. ಎಲ್ಲ ಹಳೆಯ ಇಟ್ಟಿಗೆಯೂ ಬರಿಮೈಯಲ್ಲಿರಬೇಕು ಎಂಬ ಈಗಿನ ಒಲವು ಕಾಫಿ ಅಂಗಡಿಗಳ ಒಳಾಂಗಣದಿಂದ ಬಂದದ್ದು. ಚರಿತ್ರೆಗೂ ಅದಕ್ಕೂ ಸಂಬಂಧ ಕಡಿಮೆ.

ಸಂದಿನ ಗಾರೆಯ ವಿಷಯ ಇನ್ನೂ ಮುಖ್ಯ. 1889ರ ಗೋಡೆಯನ್ನು ಕಟ್ಟಿದ್ದು ಸುಣ್ಣದ ಗಾರೆಯಲ್ಲಿ. ಪೋರ್ಟ್‌ಲ್ಯಾಂಡ್ ಸಿಮೆಂಟನ್ನು ಅಮೆರಿಕದಲ್ಲಿ 1870ರ ದಶಕದಿಂದ ತಯಾರಿಸುತ್ತಿದ್ದರೂ ಸಣ್ಣ ಊರಿನ ಗಾರೆಯವರ ಕೈಗೆ ಅದು ಧಾರಾಳವಾಗಿ ಬಂದದ್ದು ಮುಂದಿನ ಶತಮಾನದಲ್ಲಿ. ಸುಣ್ಣದ ಗಾರೆ ಇಟ್ಟಿಗೆಗಿಂತ ಮೆದು, ಮೆದುವಾಗಿಯೇ ಇರಬೇಕು. ಗೋಡೆಯೊಳಗೆ ಸೇರಿದ ತೇವ ಗಾರೆಯ ಮೂಲಕ ಹೊರಗೆ ಆರುತ್ತದೆ. ಬಿಸಿಲಿಗೆ ಹಿಗ್ಗಿ ಚಳಿಗೆ ಕುಗ್ಗುವ ಇಟ್ಟಿಗೆಯ ಒತ್ತಡವನ್ನು ಗಾರೆ ತಾನು ತಿನ್ನುತ್ತದೆ. ಕೊನೆಗೆ ಸವೆಯುವುದೂ ಗಾರೆಯೇ. ಐವತ್ತು ಅರವತ್ತು ವರ್ಷಕ್ಕೊಮ್ಮೆ ಅದನ್ನು ಬದಲಾಯಿಸಿದರೆ ಇಟ್ಟಿಗೆ ಹಾಗೇ ಉಳಿಯುತ್ತದೆ. ಅಲ್ಲಿ ಗಟ್ಟಿ ಸಿಮೆಂಟ್ ತುಂಬಿದಿರೋ, ಲೆಕ್ಕ ತಲೆಕೆಳಗಾಗುತ್ತದೆ. ತೇವ ಇಟ್ಟಿಗೆಯಿಂದಲೇ ಹೊರಬರಬೇಕು, ಒತ್ತಡವನ್ನು ಇಟ್ಟಿಗೆಯೇ ತಿನ್ನಬೇಕು. ಕೆಲವು ವರ್ಷದ ಮೇಲೆ ನೋಡಿದರೆ ಸಿಮೆಂಟಿನ ಗೆರೆಗಳು ಜೇನುಗೂಡಿನಂತೆ ಚಾಚಿ ನಿಂತಿರುತ್ತವೆ, ನಡುವಿನ ಇಟ್ಟಿಗೆ ಒಳಕ್ಕೆ ಕರಗಿರುತ್ತದೆ. ಮಗನ ಕಟ್ಟಡದ ಹಿಂಗೋಡೆಯಲ್ಲಿ ಹಿಂದೆ ಯಾರಾದರೂ ಸಿಮೆಂಟ್ ಮೆತ್ತಿದ್ದರೆ ಈ ದೃಶ್ಯ ಈಗಲೇ ಕಾಣಸಿಗಬಹುದು. ಗುತ್ತಿಗೆದಾರರನ್ನು ಅಲ್ಲಿಗೆ ಕರೆದೊಯ್ದು ತೋರಿಸಲಿ.

ಸರಿಯಾದ ಕೆಲಸ ಹೀಗಿರುತ್ತದೆ. ಹಳೆಯ ಗಾರೆಯ ಒಂದು ತುಣುಕನ್ನು ಪ್ರಯೋಗಾಲಯಕ್ಕೆ ಕಳುಹಿಸಿ ಅದರ ಮರಳು ಮತ್ತು ಸುಣ್ಣದ ಪ್ರಮಾಣ ತಿಳಿದುಕೊಳ್ಳಬೇಕು. ಹೊಸ ಗಾರೆ ಶುದ್ಧ ಸುಣ್ಣದ್ದಾದರೆ ಉತ್ತಮ. ಸ್ವಲ್ಪ ಸಿಮೆಂಟ್ ಬೇಕೇ ಬೇಕು ಎಂದರೆ ಅಲ್ಲಿ ಟೈಪ್ ಓ ಎಂದು ಕರೆಯುವ, ಒಂದು ಭಾಗ ಸಿಮೆಂಟಿಗೆ ಎರಡು ಭಾಗ ಸುಣ್ಣ, ಒಂಬತ್ತು ಭಾಗ ಮರಳಿನ ಮಿಶ್ರಣವನ್ನು ದಾಟಬಾರದು. ಅಂಗಡಿಯಲ್ಲಿ ಚೀಲಗಟ್ಟಲೆ ಸಿಗುವ, ಸಿಮೆಂಟ್ ಹೆಚ್ಚಿರುವ ಟೈಪ್ ಎಸ್ ಈ ಗೋಡೆಗೆ ವಿಷ. ಸಂದನ್ನು ಅದರ ಅಗಲದ ಎರಡು, ಎರಡೂವರೆ ಪಟ್ಟು ಆಳಕ್ಕೆ ಕೆರೆದು ತುಂಬಬೇಕು, ಮೇಲುಮೇಲೆ ಸವರಿದರೆ ಉದುರುತ್ತದೆ. ಮುಂಗೋಡೆಯ ಇಟ್ಟಿಗೆ ಬಲು ನಯವಾಗಿದ್ದು ಸಂದು ಕಾಲಂಗುಲಕ್ಕಿಂತ ತೆಳ್ಳಗಿದ್ದರೆ ಯಂತ್ರದ ಚಕ್ರವನ್ನು ಹತ್ತಿರ ಸೇರಿಸಲೇಬಾರದು, ಇಟ್ಟಿಗೆಯ ಅಂಚು ಕೊಯ್ದುಹೋಗುತ್ತದೆ. ಸಂದು ಗಟ್ಟಿಯಾಗಿರುವ ಕಡೆ ಮುಟ್ಟುವ ಅಗತ್ಯವೇ ಇಲ್ಲ. ಇಡೀ ಗೋಡೆಯ ಸಂದುಗಳನ್ನು ಒಂದೇ ಸಲ ತುಂಬಬೇಕೆಂದು ಹೇಳುವವರು ಚದರಡಿಯ ಲೆಕ್ಕದಲ್ಲಿ ಹಣ ಪಡೆಯುವವರು. ಇನ್ನು ನೀರು ನಿಲ್ಲದ ಲೇಪ: ಹೊರಗಿನ ನೀರನ್ನು ತಡೆಯುವ ಅದು ಒಳಗಿನ ತೇವವನ್ನೂ ತಡೆಯುತ್ತದೆ. ಚಾವಣಿಯಿಂದ, ನೆಲದಿಂದ ತೇವ ಬರುತ್ತಲೇ ಇರುತ್ತದೆ. ಆ ತೇವದಲ್ಲಿ ಕರಗಿದ್ದು ಹೊರಗೆ ಬರಲಾಗದ ಉಪ್ಪು ಇಟ್ಟಿಗೆಯ ಮುಖದ ಹಿಂದೆಯೇ ಹರಳುಗಟ್ಟಿ ಅದನ್ನು ಒದೆದು ಬೀಳಿಸುತ್ತದೆ.

ಕಿಟಕಿಯ ಬಗ್ಗೆ ಎರಡೇ ಮಾತು. ಆಗಿನ ಚೌಕಟ್ಟುಗಳ ಮರ ನಿಧಾನವಾಗಿ ಬೆಳೆದ ಹಳೆಯ ಕಾಡಿನದು, ಈಗ ಮಾರುಕಟ್ಟೆಯಲ್ಲಿ ಸಿಗದು. ಹಗ್ಗ, ರಾಟೆ, ಗೋಡೆಯೊಳಗಿನ ಕಬ್ಬಿಣದ ತೂಕ ಎಲ್ಲವನ್ನೂ ಬಿಚ್ಚಿ ದುರಸ್ತಿ ಮಾಡಬಹುದು, ಹೊರಗೊಂದು ಹೆಚ್ಚುವರಿ ಗಾಜಿನ ಕಿಟಕಿ ಕೂರಿಸಿದರೆ ಚಳಿಯೂ ನಿಲ್ಲುತ್ತದೆ. ಪ್ಲಾಸ್ಟಿಕ್ ಕಿಟಕಿ ಕೆಟ್ಟರೆ ದುರಸ್ತಿಯಿಲ್ಲ, ಎಸೆಯಬೇಕು. ಕಮಾನಿನ ತೆರಪಿಗೆ ಚೌಕದ ಕಿಟಕಿ ತುರುಕಿ ಮೇಲಿನ ಸಂದಿಗೆ ಹಲಗೆ ಬಡಿದ ಕಟ್ಟಡ ಹುಬ್ಬು ಬೋಳಿಸಿಕೊಂಡವರಂತೆ ಕಾಣುತ್ತದೆ.

ಹೀಗೆಲ್ಲ ಹೇಳುವ ನಾನು ಕೆಳಗಿನ ಅಂಗಡಿ ಮುಖದ ವಿಷಯದಲ್ಲಿ ಅಷ್ಟು ಕಟ್ಟುನಿಟ್ಟಿನವನಲ್ಲ. ಅದನ್ನು ಮೊದಲಿನಿಂದಲೂ ಬದಲಾಯಿಸಲೆಂದೇ ಕಟ್ಟಿದ್ದರು. ವ್ಯಾಪಾರಿ ಬದಲಾದರೆ ಮುಖ ಬದಲಾಯಿತು. 1930ರ ದಶಕದ ಆರ್ಥಿಕ ಕುಸಿತದಲ್ಲಿ ಸರಕಾರದ ವಿಮೆಯಿದ್ದ ಸಾಲ ಪಡೆದು, ಕಪ್ಪು, ಹಸಿರು ಬಣ್ಣದ ಮಿರುಗುವ ಗಾಜಿನ ಹಲಗೆ ಹಚ್ಚಿದವರು ಸಾವಿರಾರು. 1935ರಲ್ಲಿ ಗಾಜಿನ ಕಂಪನಿಯೊಂದು ಮೇನ್ ಸ್ಟ್ರೀಟನ್ನು ಆಧುನಿಕಗೊಳಿಸುವ ವಿನ್ಯಾಸ ಸ್ಪರ್ಧೆಯನ್ನೇ ನಡೆಸಿತು. 1956 ಈ ಬೀದಿಗಳಿಗೆ ಕೆಟ್ಟ ವರ್ಷ. ಅಂತರರಾಜ್ಯ ಹೆದ್ದಾರಿಗಳ ಕಾನೂನು ಬಂದದ್ದು ಅದೇ ವರ್ಷ, ಮಿನೆಸೋಟಾದ ಈಡೈನಾದಲ್ಲಿ ಪೂರ್ತಿ ಮುಚ್ಚಿದ ಮೊದಲ ಶಾಪಿಂಗ್ ಮಾಲ್ ತೆರೆದದ್ದೂ ಅದೇ ವರ್ಷ. ಗಿರಾಕಿ ಕಾರು ಹತ್ತಿ ಊರ ಹೊರಗೆ ಹೋದ. ಬೀದಿಯವರು ಹಳೆಯ ಮುಖವೇ ಶನಿಯೆಂದು ತಿಳಿದು ಅಲ್ಯೂಮಿನಿಯಂ ಹಾಳೆಯ ಹಿಂದೆ ಅದನ್ನು ಅಡಗಿಸಿದರು. ಅಡ್ಡಬಂದ ಕಾರ್ನಿಸ್‌ಗಳನ್ನು ಅನೇಕ ಕಡೆ ಗರಗಸ ಹಾಕಿ ಕೊಯ್ದರು. ನಿಮ್ಮ ಮಗನ ಕಟ್ಟಡದ ನೆತ್ತಿ ಉಳಿದಿರುವುದು ಅದೃಷ್ಟ. ತಮಾಷೆಯೆಂದರೆ ಎಷ್ಟೋ ಕಡೆ ಅದೇ ಹಾಳೆ ಹಿಂದಿನ ಮುಖವನ್ನು ಬಣ್ಣದಿಂದ, ಮರಳಿನಿಂದ, ಸಿಮೆಂಟಿನಿಂದ ಕಾಪಾಡಿತು.

ಹಾಗಾಗಿ ಮಗನಿಗೆ ನನ್ನ ಸಲಹೆ: ಅಂಗಡಿ ಮುಖದಲ್ಲಿ ಉದಾರವಾಗಿರಲಿ, ಇಟ್ಟಿಗೆಯ ವಿಷಯದಲ್ಲಿ ಜಿಪುಣನಾಗಿರಲಿ. ಬೀಡಿನ ಕಂಬಗಳನ್ನು ಉಳಿಸಿಕೊಂಡು ನಡುವೆ ಸರಳವಾದ ಹೊಸ ಗಾಜಿನ ಮುಖ ಮಾಡಿಕೊಂಡರೆ ತಪ್ಪೇನಿಲ್ಲ. ಹಳೆಯ ಛಾಯಾಚಿತ್ರ ಸಿಕ್ಕಿದರೆ ಅದರಂತೆ ಮಾಡಲಿ, ಸಿಗದಿದ್ದರೆ 1889ರದೆಂದು ಹೇಳುವ ಸುಳ್ಳು ಕೆತ್ತನೆಯನ್ನು ಕೊಂಡು ಮೆತ್ತದಿರಲಿ. ಸಾಲಿನಲ್ಲಿ ಯಾರಾದರೂ 1930ರ ದಶಕದ ಬಣ್ಣದ ಗಾಜಿನ ಮುಖವನ್ನು ಉಳಿಸಿಕೊಂಡಿದ್ದರೆ ಅದನ್ನು ಕೀಳಲು ಹೋಗದಿರಲಿ ಎಂದೂ ನೆರೆಯವರಿಗೆ ಹೇಳಲಿ. ಆ ಗಾಜನ್ನು ಈಗ ಯಾರೂ ಹಾಗೆ ತಯಾರಿಸುವುದಿಲ್ಲ.

ಸಮಿತಿಯ ಪತ್ರದ ಬಗ್ಗೆ ಮಗನ ಸಿಟ್ಟು ಅರ್ಥವಾಗುತ್ತದೆ, ಆದರೆ ಕಾನೂನು ಸಮಿತಿಯ ಕಡೆಗಿದೆ ಎಂದೇ ತೋರುತ್ತದೆ. ಇಲ್ಲಿ ಜನ ಎರಡು ವಿಷಯ ಬೆರೆಸುತ್ತಾರೆ. 1966ರ ಕಾಯಿದೆಯಡಿ ಬಂದ ರಾಷ್ಟ್ರೀಯ ಪಟ್ಟಿಯಲ್ಲಿ ಕಟ್ಟಡ ಸೇರಿದೆ ಎಂದ ಮಾತ್ರಕ್ಕೆ, ತನ್ನ ಹಣದಲ್ಲಿ ಕೆಲಸ ಮಾಡುವ ಮಾಲೀಕನಿಗೆ ಯಾವ ಅಡ್ಡಿಯೂ ಇಲ್ಲ, ಅವನು ಅದನ್ನು ಕೆಡವಲೂಬಹುದು. ಕೈಕಟ್ಟುವುದು ಊರಿನ ಸ್ವಂತ ನಿಯಮ. ಊರು ತನ್ನ ಹಳೆಯ ಪೇಟೆಯನ್ನು ಸ್ಥಳೀಯ ಕಾನೂನಿನಿಂದ ಗುರುತಿಸಿದ್ದರೆ ಬೀದಿಗೆ ಕಾಣುವ ಬದಲಾವಣೆಗೆ ಸಮಿತಿಯ ಒಪ್ಪಿಗೆ ಪತ್ರ ಬೇಕು. ಸಭೆಗೆ ಹೋಗಿ ಜಗಳವಾಡುವ ಬದಲು, ಒಳ್ಳೆಯ ಸುಣ್ಣದ ಗಾರೆಯವರು ಯಾರೆಂದು ಅವರನ್ನೇ ಕೇಳಲಿ. ಆ ಮಾಹಿತಿ ಅವರ ಬಳಿ ಇರುವಷ್ಟು ಬೇರೆಲ್ಲೂ ಇರುವುದಿಲ್ಲ.

ರಾಷ್ಟ್ರೀಯ ಪಟ್ಟಿ ಉಪಯೋಗಕ್ಕೆ ಬರುವುದು ಹಣದ ವಿಷಯದಲ್ಲಿ. ಪಟ್ಟಿಯಲ್ಲಿರುವ ಅಥವಾ ಅಂಥ ಪ್ರದೇಶಕ್ಕೆ ಮೌಲ್ಯ ತರುವ, ಆದಾಯ ಕೊಡುವ ಕಟ್ಟಡದ ಪುನರುಜ್ಜೀವನದ ವೆಚ್ಚದಲ್ಲಿ 20 ಶೇಕಡಾವನ್ನು ಕೇಂದ್ರ ಸರಕಾರ ಆದಾಯ ತೆರಿಗೆಯಲ್ಲಿ ಬಿಟ್ಟುಕೊಡುತ್ತದೆ, ಐದು ವರ್ಷಗಳಲ್ಲಿ ಹಂಚಿ. ಅಂಗಡಿ ಮತ್ತು ಬಾಡಿಗೆ ಮನೆ ಎರಡೂ ಇದಕ್ಕೆ ಸಲ್ಲುತ್ತವೆ, ತಾವೇ ವಾಸಿಸುವ ಭಾಗ ಸಲ್ಲುವುದಿಲ್ಲ. ಓಹಿಯೊ ರಾಜ್ಯದ ಯೋಜನೆ 25 ಶೇಕಡಾವರೆಗೆ ಕೊಡುತ್ತದೆ, ಆದರೆ ಅದಕ್ಕೆ ಅರ್ಜಿದಾರರ ನಡುವೆ ಪೈಪೋಟಿ ಇದೆ. ಕೇಂದ್ರದ ರಿಯಾಯಿತಿಗೆ ಒಂದು ಹೊಸ್ತಿಲಿದೆ: ಜಾಗದ ಬೆಲೆ ಕಳೆದು ಕಟ್ಟಡಕ್ಕೆ ಬಿದ್ದ ಬೆಲೆಗಿಂತ ಹೆಚ್ಚನ್ನು 24 ತಿಂಗಳೊಳಗೆ ಕೆಲಸಕ್ಕೆ ಖರ್ಚು ಮಾಡಿರಬೇಕು. 90,000 ಡಾಲರಿಗೆ ಕೊಂಡು ಅದರಲ್ಲಿ ಜಾಗದ್ದು 15,000 ಎಂದಿಟ್ಟುಕೊಂಡರೆ, ಖರ್ಚು 75,000 ದಾಟಬೇಕು. ತೆರಿಗೆ ಲೆಕ್ಕಿಗರ ಬಳಿ ಇದನ್ನು ಮೊದಲೇ ಕೂತು ಲೆಕ್ಕ ಹಾಕಿಸಲಿ. ಅರ್ಜಿಯ ಮೊದಲ ಎರಡು ಭಾಗಗಳು ಕೆಲಸ ಶುರುವಾಗುವ ಮೊದಲೇ ಹೋಗಬೇಕು. ಅಲ್ಲಿ ಅನ್ವಯಿಸುವ ಹತ್ತು ಮಾನದಂಡಗಳಲ್ಲಿ ಒಂದು ಮರಳು ಹೊಡೆಯುವಂಥ ಹಾನಿಕರ ವಿಧಾನ ಕೂಡದೆಂದು ಹೆಸರು ಹಿಡಿದೇ ಹೇಳುತ್ತದೆ. ಅಂದರೆ ಗುತ್ತಿಗೆದಾರರ ಮೊದಲ ದಿನದ ಕೆಲಸದಲ್ಲೇ ಈ ಹಣ ಗಾಳಿಗೆ ಹೋಗಬಹುದು. ಮಗನಿಗೆ ಇಟ್ಟಿಗೆಯ ಸಿಪ್ಪೆಯ ಕಥೆ ರುಚಿಸದಿದ್ದರೆ ಈ ಲೆಕ್ಕವನ್ನು ಹೇಳಿ.

ಈ ಚಳಿಗಾಲಕ್ಕೆ ಮುಂಚೆ ಮಾಡಬೇಕಾದದ್ದು ಮುಂಭಾಗದಲ್ಲೇ ಇಲ್ಲ. ಹಿಂದಕ್ಕೆ ಇಳಿಜಾರಾದ ಚಾವಣಿ, ಅದರ ನೀರು ಬೀಳುವ ದೋಣಿ, ಕೊಳವೆ, ಪಕ್ಕದ ಗೋಡೆಯ ತಲೆಯ ಮೇಲಿನ ಹೊದಿಕೆ, ಇವನ್ನು ಮೊದಲು ಸರಿಪಡಿಸಲಿ. ಹಳೆಯ ಗೋಡೆಗಳ ರೋಗದಲ್ಲಿ ದೊಡ್ಡ ಪಾಲು ನೆತ್ತಿಯಿಂದ ಇಳಿದದ್ದು. ಅಂಗಡಿಯೊಳಗೆ ತೂಗುಹಾಕಿದ ಬಿಳಿ ಹಲಗೆಗಳ ತಗ್ಗು ಚಾವಣಿ ಇದ್ದರೆ ಏಣಿ ಇಟ್ಟು ಒಂದು ಹಲಗೆಯನ್ನು ಎತ್ತಿ ನೋಡಲಿ, ಮೂಗಿಗೆ ಬಟ್ಟೆ ಅಲ್ಲ, ಸರಿಯಾದ ಮಾಸ್ಕ್ ಹಾಕಿಕೊಂಡು. ಮೇಲೆ ಹೂವಿನ ಅಚ್ಚೊತ್ತಿದ ತಗಡಿನ ಚಾವಣಿ ಕಾಣಿಸಿದರೆ ಅಲ್ಲೇ ನೀರಿನ ಕಲೆ, ತುಕ್ಕು ಎಲ್ಲೆಲ್ಲಿದೆ ಎಂದು ಗುರುತು ಹಾಕಿಕೊಳ್ಳಲಿ. ಮೇಲಿನ ಚಾವಣಿ ಸೋರುವ ಜಾಗಗಳ ನಕ್ಷೆ ಅದರಲ್ಲೇ ಇರುತ್ತದೆ. ಜೊತೆಗೆ ನಾಲ್ಕೈದು ಚಿತ್ರ ತೆಗೆದು ಕಳುಹಿಸಿ, ಮುಖ್ಯವಾಗಿ ಕಂಬದ ಬುಡದ ಆ ಫಲಕದ್ದು.